ಬಾವಿಯ ಪಂಪು, ಬಾನೆಟ್ಟಿನ ಪಂಪು

ನಮ್ಮೂರು ಹೂಲಿ ಅಂದ ಕೂಡಲೇ ಚರಿತ್ರೆ ಓದಿದವರು ಪಂಚಲಿಂಗೇಶ್ವರ ಗುಡಿಯನ್ನು ನೆನೆಯುತ್ತಾರೆ. ಸವದತ್ತಿಯಿಂದ ಸುಮಾರು ಹತ್ತು ಕಿ.ಮೀ. ದೂರ. ಶಾಸನಗಳಲ್ಲಿ 'ಪೂಲಿ' ಅಂತ ಬರುವ ಹಳೆಯ ಅಗ್ರಹಾರ, ಚಾಲುಕ್ಯರ ಕಾಲದ ಗುಡಿಗಳು... ಇದರ ಬಗ್ಗೆ ಬಲ್ಲವರು ಬೇಕಾದಷ್ಟು ಬರೆದಿದ್ದಾರೆ. ನಾನಿವತ್ತು ಬರೆಯಹೊರಟಿರೋದು ಯಾವ ಶಾಸನದಲ್ಲೂ ಸಿಗದ ಒಂದು ವಸ್ತುವಿನ ಚರಿತ್ರೆ. ಕಾರಿನ ನೀರಿನ ಪಂಪು! ನಗಬೇಡಿ ಸ್ನೇಹಿತರೆ, ಇದಕ್ಕೂ ನಮ್ಮ ಸೀಮೆಗೂ ಒಂದು ನಂಟು ಇದೆ.

ಆ ನಂಟಿನ ಹೆಸರು ಲಕ್ಷ್ಮಣರಾವ್ ಕಿರ್ಲೋಸ್ಕರ. ಅವರು ಹುಟ್ಟಿದ್ದು 1869ರಲ್ಲಿ, ನಮ್ಮ ಬೆಳಗಾವಿ ಜಿಲ್ಲೆಯದೇ ಆದ ಗುರ್ಲಹೊಸೂರಿನಲ್ಲಿ. ಚಿತ್ರಕಲೆ ಕಲಿಯಲು ಮುಂಬಯಿಯ ಜೆ.ಜೆ. ಕಲಾಶಾಲೆಗೆ ಹೋದವರಿಗೆ ಬಣ್ಣ ಗುರುತಿಸುವುದರಲ್ಲಿ ದೋಷ ಇದೆ ಅಂತ ಗೊತ್ತಾಯಿತು. ಕುಂಚ ಬಿಟ್ಟು ಯಂತ್ರಗಳ ನಕ್ಷೆ ಹಿಡಿದರು. 1888ರಲ್ಲಿ ಬೆಳಗಾವಿಯಲ್ಲಿ ಸೈಕಲ್ ಅಂಗಡಿ, ಆಮೇಲೆ ಮೇವು ಕತ್ತರಿಸುವ ಯಂತ್ರ, ಕಬ್ಬಿಣದ ನೇಗಿಲು. ಕಬ್ಬಿಣ ತಾಗಿದರೆ ಭೂಮಿ ವಿಷವಾಗುತ್ತದೆ ಅಂತ ರೈತರು ಹೆದರಿದ್ದರಿಂದ ಮೊದಲ ಆರು ನೇಗಿಲು ಮಾರಲು ಎರಡು ವರ್ಷ ಹಿಡಿಯಿತಂತೆ! ಬೆಳಗಾವಿಯ ಜಾಗ ಬಿಡಬೇಕಾಗಿ ಬಂದಾಗ ಔಂಧ ಸಂಸ್ಥಾನದ ರಾಜರು ಜಾಗ ಕೊಟ್ಟರು. 1910ರಲ್ಲಿ ಕಿರ್ಲೋಸ್ಕರವಾಡಿ ಎದ್ದಿತು. ಅಲ್ಲಿ 1926ರಲ್ಲಿ ಸೆಂಟ್ರಿಫ್ಯೂಗಲ್ ಪಂಪು ತಯಾರಾಯಿತು. ಎತ್ತು ಕಟ್ಟಿ ಕಪಲಿ ಹೊಡೆಯುತ್ತಿದ್ದ ಬಾವಿಗಳ ಮೇಲೆ ಮುಂದೆ ಕೂತದ್ದು ಈ ಜಾತಿಯ ಪಂಪು.

ಈಗ ಮುಖ್ಯ ವಿಷಯ. ಬಾವಿಯ ಮೇಲಿನ ಆ ಪಂಪು ಮತ್ತು ಕಾರಿನ ಬಾನೆಟ್ಟಿನ ಕೆಳಗಿನ ಪಂಪು ಎರಡೂ ಒಂದೇ. ದೊಡ್ಡದು, ಸಣ್ಣದು ಅಷ್ಟೇ. ಒಂದು ಬೀಡಿನ ಡಬ್ಬಿ, ಅದರೊಳಗೆ ಅಲಗುಗಳಿರುವ ಒಂದು ಚಕ್ರ. ಚಕ್ರ ತಿರುಗಿದರೆ ನಡುವೆ ಬಂದ ನೀರನ್ನು ಅಂಚಿಗೆ ಎಸೆಯುತ್ತದೆ. ಅಂಚಿನಲ್ಲಿ ಕೊಳವೆ ಇಟ್ಟರೆ ನೀರು ಅದರಲ್ಲಿ ಓಡುತ್ತದೆ. 1851ರ ಲಂಡನ್ ಮಹಾ ಪ್ರದರ್ಶನದಲ್ಲಿ ಜಾನ್ ಆಪೋಲ್ಡ್ ಎಂಬಾತ ಬಾಗಿದ ಅಲಗಿನ ಪಂಪು ಇಟ್ಟು, ನೇರ ಅಲಗಿನದಕ್ಕಿಂತ ಅದು ಎರಡು ಪಟ್ಟಿಗೂ ಹೆಚ್ಚು ಕೆಲಸ ಮಾಡುತ್ತದೆ ಅಂತ ತೋರಿಸಿಕೊಟ್ಟ. ಅಲ್ಲಿಂದ ಇದು ಲೋಕವೆಲ್ಲ ಹಬ್ಬಿತು.

ಆದರೆ ಮೊದಲ ಕಾರಿಗೆ ಪಂಪೇ ಇರಲಿಲ್ಲ. 1886ರಲ್ಲಿ ಪೇಟೆಂಟ್ ಪಡೆದ ಬೆಂಜ್ ಗಾಡಿಯಲ್ಲಿ ನೀರು ಕುದಿದು ಆವಿಯಾಗಿ ಹೋಗುತ್ತಿತ್ತು, ಇಂಜಿನ್ ತಂಪಾಗುತ್ತಿತ್ತು. 1888ರಲ್ಲಿ ಬೆರ್ಥಾ ಬೆಂಜ್ ಗಂಡನಿಗೂ ಹೇಳದೆ ಇಬ್ಬರು ಮಕ್ಕಳನ್ನು ಕೂಡಿಸಿಕೊಂಡು ಮ್ಯಾನ್‌ಹೈಮಿನಿಂದ ಫೋರ್ಟ್ಸ್‌ಹೈಮಿಗೆ ಹೋದ ಕಥೆ ನಿಮಗೂ ಗೊತ್ತಿರಬಹುದು. ಆ ತಾಯಿ ದಾರಿಯುದ್ದಕ್ಕೂ ನೀರು ಹುಡುಕಿ ಹುಡುಕಿ ತುಂಬಬೇಕಾಯಿತು. 1908ರಲ್ಲಿ ಬಂದ ಫೋರ್ಡ್ ಮಾಡೆಲ್ ಟಿ ಕಾರಿನದಂತೂ ತಮಾಷೆ. ಮೊದಲ ಸುಮಾರು 2,500 ಕಾರುಗಳಿಗೆ ಪಂಪು ಹಾಕಿ, ಆಮೇಲೆ ಅದನ್ನು ತೆಗೆದೇಬಿಟ್ಟರು. ಬಿಸಿ ನೀರು ತಾನೇ ಮೇಲೇರುತ್ತದೆ, ತಣ್ಣೀರು ಕೆಳಗಿಳಿಯುತ್ತದೆ, ಅಷ್ಟು ಸಾಕು ಅಂದರು. ನಮ್ಮ ಮನೆಗಳ ಮೇಲಿನ ಸೋಲಾರ್ ಹೀಟರು ನಡೆಯುವುದೂ ಹೀಗೇ. ಆದರೆ ಇಂಜಿನ್ನಿನ ಶಕ್ತಿ ಹೆಚ್ಚಿದಂತೆ ಇದು ಸಾಲಲಿಲ್ಲ. ಸುಟ್ಟ ಇಂಧನದ ಶಾಖದಲ್ಲಿ ಹೆಚ್ಚೂಕಡಿಮೆ ಮೂರನೇ ಒಂದು ಪಾಲು ನೀರಿಗೇ ಬರುತ್ತದೆ. ಅದನ್ನು ರೇಡಿಯೇಟರಿಗೆ ಹೊತ್ತು ಹಾಕಲು ಕೂಲಿಯಾಳು ಬೇಕೇ ಬೇಕು. ಟಿ ನಂತರ ಬಂದ ಮಾಡೆಲ್ ಎ ಕಾರಿಗೆ ಪಂಪು ಮರಳಿ ಬಂತು.

ಪಂಪು ಬಂತು, ಅದರ ಜೊತೆಗೇ ರೋಗವೂ ಬಂತು. ಡಬ್ಬಿಯೊಳಗೆ ನೀರು, ಹೊರಗೆ ಬೆಲ್ಟು. ಎರಡನ್ನೂ ಜೋಡಿಸುವ ಶಾಫ್ಟು ಡಬ್ಬಿಯ ಗೋಡೆ ತೂರಿ ಹೊರಬರಬೇಕು. ಶಾಫ್ಟು ತಿರುಗಬೇಕು, ನೀರು ಸೋರಬಾರದು. ಇದು ಹೇಗೆ? ಹಳೆಯ ಉತ್ತರ ಗ್ಲ್ಯಾಂಡ್. ಶಾಫ್ಟಿನ ಸುತ್ತ ಗ್ರೀಸ್ ಮೆತ್ತಿದ ಡೋರಿ ಸುತ್ತಿ, ಮೇಲೆ ನಟ್ಟಿನಿಂದ ಒತ್ತುವುದು. ಬಾವಿ ಪಂಪು ನಡೆಸಿದ ಯಾರನ್ನಾದರೂ ಕೇಳಿ, ಗ್ಲ್ಯಾಂಡ್ ಬಿಗಿ ಮಾಡುವುದೇ ಒಂದು ಹದ. ಪೂರ್ತಿ ಬಿಗಿದರೆ ಡೋರಿ ಸುಟ್ಟು ಶಾಫ್ಟು ಸವೆಯುತ್ತದೆ. ತೊಟ್ಟು ತೊಟ್ಟಾಗಿ ನೀರು ಬೀಳುತ್ತಿರಬೇಕು, ಅದೇ ಅದಕ್ಕೆ ತಂಪು. ಮಾಡೆಲ್ ಎ ಕಾಲದ ಕಾರಿನ ಪಂಪಿಗೂ ಇಂಥದೇ ಗ್ಲ್ಯಾಂಡ್ ಇತ್ತು. ಹನಿ ಬಿದ್ದರೆ ನಟ್ಟು ಒಂದಿಷ್ಟು ತಿರುಗಿಸಿ ಮುಂದೆ ಹೋಗುತ್ತಿದ್ದರು.

1930ರ ದಶಕದಿಂದ ಈಚೆಗೆ ಕಾರುಗಳಲ್ಲಿ ಗ್ಲ್ಯಾಂಡ್ ಹೋಗಿ ಸೀಲ್ ಬಂತು. ನುಣುಪಾದ ಕಾರ್ಬನ್ ಬಳೆಯೊಂದನ್ನು ಸ್ಪ್ರಿಂಗು ಇನ್ನೊಂದು ಗಟ್ಟಿ ಮುಖಕ್ಕೆ ಒತ್ತಿ ಹಿಡಿದಿರುತ್ತದೆ. ಬಿಗಿ ಮಾಡಲು ನಟ್ಟಿಲ್ಲ, ಸುತ್ತಲು ಡೋರಿ ಇಲ್ಲ. ಸೀಲ್ ಸವೆದು ನೀರು ದಾಟಿದರೆ ಅದು ಬೇರಿಂಗಿಗೆ ಹೋಗದೆ ಹೊರಬೀಳಲಿ ಅಂತ ಪಂಪಿನ ಕತ್ತಿನ ಕೆಳಗೆ ಒಂದು ಸಣ್ಣ ತೂತು ಇಟ್ಟರು. ಆ ದಿನದಿಂದ ಹನಿಯ ಅರ್ಥವೇ ತಿರುಗಿಹೋಯಿತು ನೋಡಿ. ಮೊದಲು ಹನಿ ಬೀಳುವುದು ಆರೋಗ್ಯ, ಈಗ ಹನಿ ಬೀಳುವುದು ರೋಗ!

ಈ ತಿರುವು ನನಗೆ ತಿಳಿದದ್ದು ಪುಸ್ತಕದಿಂದಲ್ಲ, ನಮ್ಮ ಮನೆಯ ಅಂಗಳದಲ್ಲಿ. ಅಪ್ಪ ಬಾಡಿಗೆಗೆ ಓಡಿಸುತ್ತಿದ್ದ ಅಂಬಾಸಡರ್ ಕಾರೊಂದಿತ್ತು. ಧಾರವಾಡದ ದವಾಖಾನೆಗೆ ರೋಗಿಗಳು, ಮದುವೆಗೆ ಬೀಗರು, ಹುಣ್ಣಿಮೆಗೆ ಯಲ್ಲಮ್ಮನ ಗುಡ್ಡದ ಭಕ್ತರು ಎಲ್ಲರೂ ಅದರಲ್ಲೇ. 1993ರಲ್ಲಿ ಭಾರತ ಹುಣ್ಣಿಮೆಗೆ ವಾರ ಇದೆ ಅನ್ನುವಾಗ ರೇಡಿಯೇಟರಿನಲ್ಲಿ ದಿನಾ ಒಂದು ತಂಬಿಗೆ ನೀರು ಕಡಿಮೆಯಾಗತೊಡಗಿತು. ಜಾತ್ರೆಯ ದಿನ ಗುಡ್ಡ ಏರುವಾಗ ಗಾಡಿ ಇರುವೆ ಸಾಲಿನಂತೆ ಹೋಗಬೇಕು. ಇಂಜಿನ್ ನಿಧಾನ, ಅದಕ್ಕೆ ಕಟ್ಟಿದ ಪಂಪೂ ಫ್ಯಾನೂ ನಿಧಾನ, ಮೇಲೆ ಎಂಟು ಜನರ ಭಾರ. ಅಲ್ಲಿ ಕುದಿದು ಹೆಡ್ ಬೆಂಡಾದರೆ ಆ ವರ್ಷದ ದುಡಿಮೆಯೇ ಹೋದಂತೆ.

ದೊಡ್ಡಪ್ಪ ಹೊಲದ ಬಾವಿಯ ಇಂಜಿನ್ ನೋಡಿಕೊಳ್ಳುತ್ತಿದ್ದವರು. ಬಗ್ಗಿ ನೋಡಿ, "ಎರಡು ಹನಿ ಬಿದ್ರ ಏನಾಕ್ಕೈತೋ ತಮ್ಮಾ? ಪಂಪ್ ಅಂದಮ್ಯಾಲ ಹನಿ ಬೀಳಬೇಕು" ಅಂದರು. ಅವರ ಲೆಕ್ಕದಲ್ಲಿ ಅದು ಖರೆ. ಅಪ್ಪನಿಗೆ ಸಮಾಧಾನವಾಗಲಿಲ್ಲ, ಸವದತ್ತಿಯಿಂದ ಮಿಸ್ತ್ರಿ ಕಾಕಾನನ್ನು ಕರೆಸಿದರು.

ಕಾಕಾ ಸ್ಪ್ಯಾನರ್ ಮುಟ್ಟುವ ಮೊದಲು ಮಾಡಿದ್ದು ಬರೀ ಪರೀಕ್ಷೆ. ಇಂಜಿನ್ ತಣ್ಣಗಿರುವಾಗಲೇ ರೇಡಿಯೇಟರ್ ಮುಚ್ಚಳ ತೆಗೆದರು. (ಬಿಸಿ ಇದ್ದಾಗ ಯಾರೂ ತೆಗೆಯಬೇಡಿ. ಮುಚ್ಚಳ ಒತ್ತಡ ಹಿಡಿದಿರುತ್ತದೆ. ಒಂದು ಬಾರ್ ಹೆಚ್ಚು ಒತ್ತಡದಲ್ಲಿ ನೀರು ಸುಮಾರು 120 ಡಿಗ್ರಿವರೆಗೆ ಕುದಿಯದೇ ಇರುತ್ತದೆ. ಮುಚ್ಚಳ ತೆಗೆದರೆ ಎಲ್ಲಾ ಒಮ್ಮೆಲೇ ಮುಖಕ್ಕೆ!) ಇಂಜಿನ್ ಚಾಲೂ ಮಾಡಿಸಿ ನೀರಿನಲ್ಲಿ ಗುಳ್ಳೆ ಬರುತ್ತವೆಯೇ ನೋಡಿದರು. ಆಯಿಲ್ ಕಡ್ಡಿ ಎಳೆದು, ಆಯಿಲ್ ಹಾಲು ಬೆರೆಸಿದಂತೆ ಆಗಿದೆಯೇ ನೋಡಿದರು. ಎರಡೂ ಇಲ್ಲ, ಅಂದರೆ ಹೆಡ್ ಗ್ಯಾಸ್ಕೆಟ್ ಸರಿ ಇದೆ. ಹೋಸ್ ಪೈಪುಗಳನ್ನು ಹಿಚುಕಿದರು. ಬೆಲ್ಟು ಸಡಿಲ ಇಲ್ಲ. ಆಮೇಲೆ ಉದ್ದನೆಯ ಸ್ಕ್ರೂಡ್ರೈವರಿನ ತುದಿಯನ್ನು ಪಂಪಿನ ಮೈಗೆ ಇಟ್ಟು, ಹಿಡಿಯನ್ನು ಕಿವಿಗೆ ಒತ್ತಿ ಕೇಳಿದರು. ನನಗೂ ಕೇಳಿಸಿದರು. ಒಳಗೆ ಜೋಳ ಬೀಸಿದಂತೆ ಗರಗರ ಸದ್ದು. ಇಂಜಿನ್ ಆಫ್ ಮಾಡಿ, ಬೆಲ್ಟು ಬಿಚ್ಚಿ, ಫ್ಯಾನ್ ಹಿಡಿದು ಹಿಂದೆ ಮುಂದೆ ಅಲ್ಲಾಡಿಸಿದರು. ಕಟಕಟ ಅಂತು. ಅಂಬಾಸಡರಿನಲ್ಲಿ ಫ್ಯಾನ್ ಪಂಪಿನ ಶಾಫ್ಟಿಗೇ ಕೂತಿರುತ್ತದೆ, ಫ್ಯಾನ್ ಅಲ್ಲಾಡಿದರೆ ಬೇರಿಂಗ್ ಹೋಗಿದೆ ಅಂತಲೇ. ಕೊನೆಗೆ ಕನ್ನಡಿ ಚೂರು ಹಿಡಿದು ಕತ್ತಿನ ತೂತು ತೋರಿಸಿದರು. ತೂತಿನಿಂದ ಕೆಳಗೆ ತುಕ್ಕಿನ ಗೆರೆ, ಸುತ್ತ ಸುಣ್ಣದಂಥ ಬಿಳಿ ಹಕ್ಕಳೆ.

ದೊಡ್ಡಪ್ಪನ ಕಡೆ ತಿರುಗಿ ಕಾಕಾ ಹೇಳಿದ ಮಾತು ಇದು: "ಅಣ್ಣಾರ, ಬಾವಿ ಪಂಪಿಗೆ ಹನಿ ಬೀಳಬೇಕ್ರಿ, ಬೀಳಲಿಲ್ಲಂದ್ರ ಡೋರಿ ಸುಡತೈತಿ. ಕಾರಿನ ಪಂಪಿಗೆ ಹನಿ ಬಿತ್ತಂದ್ರ ಅದರ ಕತಿ ಮುಗೀತು ಅಂತ ತಿಳ್ಕೋರಿ." ಆ ತೂತಿಗೆ ಸಾಬೂನು ಮೆತ್ತಿ ಓಡಿಸುವವರೂ ಇದ್ದರಂತೆ. ಆಗ ಹೊರಗೆ ಹೋಗಬೇಕಾದ ನೀರು ಬೇರಿಂಗಿಗೆ ನುಗ್ಗುತ್ತದೆ. ಬೇರಿಂಗ್ ಒಡೆದರೆ ತಿರುಗುವ ಫ್ಯಾನ್ ಮುಂದೆ ಬಂದು ರೇಡಿಯೇಟರನ್ನೇ ಕೊರೆಯುತ್ತದೆ. ಸಾಬೂನಿನ ಉಳಿತಾಯ, ರೇಡಿಯೇಟರಿನ ಖರ್ಚು!

ಹುಬ್ಬಳ್ಳಿಯಿಂದ ಹೊಸ ಪಂಪು ಬಂತು. ಬದಲಿಸುವ ಕೆಲಸ ಬೇವಿನ ಮರದ ಕೆಳಗೆ ಅರ್ಧ ದಿನದಲ್ಲಿ ಮುಗಿಯಿತು. ಬ್ಯಾಟರಿ ವೈರು ಬಿಚ್ಚಿ, ರೇಡಿಯೇಟರಿನ ನೀರು ಇಳಿಸಿ, ಹೋಸ್ ಕಳಚಿ ರೇಡಿಯೇಟರನ್ನೇ ಎತ್ತಿಟ್ಟರು. ಡೈನಮೋ ಸಡಿಲಿಸಿ ಬೆಲ್ಟು ತೆಗೆದರು, ಫ್ಯಾನ್ ಬಿಚ್ಚಿದರು, ಆಮೇಲೆ ಪಂಪಿನ ನಾಲ್ಕು ಬೋಲ್ಟು. ಯಾವ ಬೋಲ್ಟು ಯಾವ ತೂತಿನದು ಅಂತ ಗೊತ್ತಾಗಲು ರಟ್ಟಿನ ಮೇಲೆ ಪಂಪಿನ ಚಿತ್ರ ಬರೆದು, ಬೋಲ್ಟುಗಳನ್ನು ಅದರಲ್ಲೇ ಚುಚ್ಚಿಟ್ಟರು. ಹೆಚ್ಚು ಹೊತ್ತು ಹಿಡಿದದ್ದು ಹಳೆಯ ಗ್ಯಾಸ್ಕೆಟ್ ಕಾಗದ ಕೆರೆಯುವುದಕ್ಕೆ. ಒಂದು ಚೂರು ಉಳಿದರೂ ಹೊಸದು ಸೋರುತ್ತದೆ. ಬೋಲ್ಟುಗಳನ್ನು ಎದುರುಬದುರಾಗಿ ಸ್ವಲ್ಪ ಸ್ವಲ್ಪವೇ ಬಿಗಿ ಮಾಡಿ, ಬೆಲ್ಟನ್ನು ಹೆಬ್ಬೆರಳಿನಿಂದ ಒತ್ತಿದರೆ ಅರ್ಧ ಇಂಚು ತಗ್ಗುವಷ್ಟು ಎಳೆದರು. ನೀರು ತುಂಬಿ, ಮುಚ್ಚಳ ತೆಗೆದಿಟ್ಟೇ ಇಂಜಿನ್ ಓಡಿಸಿದಾಗ ಒಳಗಿನ ಗಾಳಿ ಬುಳುಬುಳು ಅಂತ ಹೊರಬಂತು. ನೀರು ತಗ್ಗಿದಷ್ಟು ಮತ್ತೆ ತುಂಬಿದರು. ಕೆಳಗೆ ಹಾಸಿದ್ದ ಪೇಪರು ಒಣಗಿಯೇ ಇತ್ತು.

ನನಗೆ ಇಷ್ಟವಾದದ್ದು ಆಮೇಲಿನ ಭಾಗ. ಹಳೆಯ ಪಂಪನ್ನು ಕಾಕಾ ಕಲ್ಲಿನ ಮೇಲಿಟ್ಟು ಬಡಿದು ಬಿಚ್ಚಿದರು. ಕಾರ್ಬನ್ ಬಳೆಗೆ ಗೀರು ಬಿದ್ದಿತ್ತು, ಬೇರಿಂಗಿನ ಗುಂಡುಗಳು ತುಕ್ಕು ಹಿಡಿದು ಕೆಂಪಾಗಿದ್ದವು, ಚಕ್ರದ ಅಲಗುಗಳ ಅಂಚನ್ನು ನಮ್ಮ ಗಡಸು ನೀರು ತಿಂದುಹಾಕಿತ್ತು. ಹಳೆಯ ನಮೂನೆಯ ಪಂಪಿನ ಮೈಮೇಲೆ ಗ್ರೀಸ್ ಹಾಕಲು ಒಂದು ಸ್ಕ್ರೂ ಇರುತ್ತಿತ್ತು, ಅದರಲ್ಲಿ ಹೆಚ್ಚು ಗ್ರೀಸ್ ತುಂಬಿದರೆ ಸೀಲಿನ ಮುಖಕ್ಕೇ ಹೋಗಿ ಅದನ್ನು ಕೆಡಿಸುತ್ತದೆ ಅಂತಲೂ ಹೇಳಿದರು. ದೊಡ್ಡಪ್ಪ ಆ ಚಕ್ರ ಕೈಲಿ ಹಿಡಿದು ಹೊರಳಿಸಿ ನೋಡಿ, "ಅರೆ, ಇದು ನಮ್ಮ ಬಾವಿ ಪಂಪಿನ ಮರಿ ಅಲ್ಲೇನೋ!" ಅಂದರು. ಆಪೋಲ್ಡ್ ಹೆಸರು, ಕಿರ್ಲೋಸ್ಕರವಾಡಿಯ ಇಸವಿ ಯಾವುದೂ ಅವರಿಗೆ ಬೇಕಿರಲಿಲ್ಲ. ವಂಶಾವಳಿ ಅವರ ಅಂಗೈ ಮೇಲೇ ಇತ್ತು. ಹುಣ್ಣಿಮೆಯ ದಿನ ಕಾರು ಮೂರು ಸಲ ಗುಡ್ಡ ಹತ್ತಿ ಇಳಿಯಿತು, ಒಮ್ಮೆಯೂ ಕುದಿಯಲಿಲ್ಲ.

ಅಂಬಾಸಡರ್ ತಯಾರಿಕೆ 2014ರಲ್ಲಿ ನಿಂತಿತು. ಇವತ್ತಿನ ಎಷ್ಟೋ ಕಾರುಗಳಲ್ಲಿ ಪಂಪು ಟೈಮಿಂಗ್ ಬೆಲ್ಟಿನ ಹಿಂದೆ ಅಡಗಿ ಕೂತಿರುತ್ತದೆ. ಅದನ್ನು ತೆಗೆಯಲು ಟೈಮಿಂಗ್ ಬಿಚ್ಚಬೇಕು. ಮರಳಿ ಜೋಡಿಸುವಾಗ ಒಂದು ಹಲ್ಲು ತಪ್ಪಿದರೂ ಇಂಜಿನ್ ಸರಿಯಾಗಿ ನಡೆಯುವುದಿಲ್ಲ, ಇನ್ನೂ ಹೆಚ್ಚು ತಪ್ಪಿದರೆ ಕೆಲವು ಇಂಜಿನ್ನುಗಳಲ್ಲಿ ವಾಲ್ವು ಪಿಸ್ಟನ್ನಿಗೆ ಬಡಿಯುತ್ತದೆ. ಅಂಥದ್ದು ಅಂಗಳದ ಕೆಲಸವಲ್ಲ. ಆದರೆ ನೀರಿನ ಮಟ್ಟ, ಕಾರಿನ ಕೆಳಗಿನ ಕಲೆ, ಪಂಪಿನ ಸದ್ದು, ಈ ಮೂರನ್ನು ಈಗಲೂ ಮನೆಯಲ್ಲೇ ನೋಡಬಹುದು. ಕೂಲೆಂಟ್ ಚೆಲ್ಲಿದರೆ ಮಾತ್ರ ಕೂಡಲೇ ತೊಳೆಯಿರಿ. ಅದು ಸಿಹಿ, ನಾಯಿ ನೆಕ್ಕಿದರೂ ಮಗು ನೆಕ್ಕಿದರೂ ವಿಷ.

ಇನ್ನು ಮುಂದಿನ ಹೆಜ್ಜೆ ಈಗಾಗಲೇ ಬಂದಿದೆ. 2009ರಲ್ಲಿ ಬಂದ ಮೂರನೇ ತಲೆಮಾರಿನ ಟೊಯೋಟಾ ಪ್ರಿಯಸ್‌ನಲ್ಲಿ ಇಂಜಿನ್ನಿನ ನೀರಿನ ಪಂಪಿಗೆ ಬೆಲ್ಟೇ ಇಲ್ಲ, ವಿದ್ಯುತ್ ಮೋಟರು. ಬ್ಯಾಟರಿ ಕಾರುಗಳಲ್ಲೂ ಅನೇಕಕ್ಕೆ ಬ್ಯಾಟರಿ ತಂಪು ಮಾಡಲು ಇಂಥ ಪಂಪು ಬೇಕು. ಇವುಗಳಲ್ಲಿ ಹಲವಕ್ಕೆ ಮೋಟರಿನ ತಿರುಗುವ ಭಾಗ ನೀರಿನೊಳಗೇ ಮುಳುಗಿರುತ್ತದೆ. ಶಾಫ್ಟು ಹೊರಗೆ ಬರುವುದೇ ಇಲ್ಲ, ಆದ್ದರಿಂದ ಡೋರಿಯೂ ಬೇಡ, ಕಾರ್ಬನ್ ಬಳೆಯೂ ಬೇಡ, ತೂತೂ ಬೇಡ. ಗ್ಲ್ಯಾಂಡಿನ ಕಾಲದಲ್ಲಿ ಹನಿ ಬೀಳಬೇಕಿತ್ತು, ಸೀಲಿನ ಕಾಲದಲ್ಲಿ ಬೀಳಬಾರದಾಯಿತು, ಈಗ ಬೀಳಲು ಜಾಗವೇ ಇಲ್ಲ. ಕೆಟ್ಟರೆ ಡ್ಯಾಶ್‌ಬೋರ್ಡಿನಲ್ಲಿ ದೀಪ ಹತ್ತುತ್ತದೆ. ಸೋರಿಕೆ ನಿಂತಿದ್ದು ಒಳ್ಳೆಯದೇ. ಆದರೆ ಸ್ಕ್ರೂಡ್ರೈವರ್ ಕಿವಿಗಿಟ್ಟು ಕಬ್ಬಿಣದ ಮಾತು ಕೇಳುವ ವಿದ್ಯೆ, ಬಾವಿಕಟ್ಟೆಯಿಂದ ಅಂಗಳಕ್ಕೆ ಬಂದ ವಿದ್ಯೆ, ಅದನ್ನು ಯಾರಾದರೂ ಬರೆದಿಡದಿದ್ದರೆ ಶಾಸನವಿಲ್ಲದ ಚರಿತ್ರೆಯಾಗಿ ಹೋಗುತ್ತದೆ. ಅದಕ್ಕೇ ಇಷ್ಟುದ್ದ ಬರೆದೆ.

ನಿಮ್ಮ ಕಡೆ ಗ್ಲ್ಯಾಂಡ್ ಡೋರಿಗೆ ಏನಂತಾರೆ? ನಿಮ್ಮೂರಿನ ಮಿಸ್ತ್ರಿಗಳು ಪಂಪಿನ ರೋಗ ಹೇಗೆ ಹಿಡಿಯುತ್ತಿದ್ದರು? ನೀವೂ ನಿಮ್ಮ ಬ್ಲಾಗಿನಲ್ಲಿ ಬರೀರಿ, ಓದೋಣ :-)