ಬಿಸಿಲುಕೋಲನ್ನು ಹಿಡಿದ ಛಾಯಾಗ್ರಾಹಕ

ಸಾರವಾಡದಂತಹ ವಿಜಯಪುರ ಸೀಮೆಯ ಊರುಗಳಲ್ಲಿ, ದಪ್ಪಗೋಡೆಯ ಹಳೆಯ ಮಾಳಿಗೆಮನೆಗಳೊಳಗೆ ನಡುಹಗಲಿನಲ್ಲಿಯೂ ತಂಪಾದ ಕತ್ತಲೆಯಿರುವುದು. ಬೆಳಕಿಂಡಿಯಿಂದ ಇಳಿಯುವ ಬಿಸಿಲುಕೋಲೇ ಅಲ್ಲಿಯ ಹಗಲುದೀಪ. ಆ ಕೋಲಿನೊಳಗೆ ಧೂಳಿನ ಕಣಗಳು ಏರಿಳಿದು ಕುಣಿಯುವುದನ್ನು ಬಾಲ್ಯದಲ್ಲಿ ಬೆರಗಿನಿಂದ ನೋಡದವರು ವಿರಳ. ಕಿಂಡಿಯ ಬಿಸಿಲಿನಲ್ಲಿ ಕಾಣುವ ಆ ಸೂಕ್ಷ್ಮಕಣವನ್ನು ಮನುಸ್ಮೃತಿಯು ತ್ರಸರೇಣುವೆಂದು ಕರೆದು, ತೂಕಗಳ ಗಣನೆಯನ್ನು ಅದರಿಂದಲೇ ಆರಂಭಿಸಿದೆ. ಬೆಳಕಿನ ಹಾದಿಯು ತಾನಾಗಿ ಕಣ್ಣಿಗೆ ಬೀಳುವುದಲ್ಲ. ರೇಣುಗಳನ್ನು ತಾಗಿದಾಗಲೇ ಅದು ಗೋಚರವಾಗುವುದು. ಎಲ್ಲರೂ ಕಂಡು ಮರೆಯುವ ಈ ಸಾಮಾನ್ಯ ನೋಟವನ್ನು ಚಲಚ್ಚಿತ್ರದ ಮಾಯಾಲೋಕದಲ್ಲಿ ಚಿರಸ್ಥಾಯಿಯಾಗಿ ನಿಲ್ಲಿಸಿದವರು ಕನ್ನಡಿಗರೇ ಆದ ವಿ. ಕೆ. ಮೂರ್ತಿಯವರು.

ವೆಂಕಟರಾಮ ಪಂಡಿತ ಕೃಷ್ಣಮೂರ್ತಿ ಎಂಬುದು ಅವರ ಪೂರ್ಣನಾಮ. 1923ನೆಯ ನವೆಂಬರ್ 26ರಂದು ಮೈಸೂರಿನಲ್ಲಿ ಜನಿಸಿದರು. ತಾರುಣ್ಯದಲ್ಲಿ ಪಿಟೀಲುವಾದನವನ್ನು ಕಲಿತರು. ಸ್ವಾತಂತ್ರ್ಯದ ಚಳವಳಿಯಲ್ಲಿ ಸೇರಿ 1943ರಲ್ಲಿ ಸೆರೆಮನೆಯನ್ನೂ ಕಂಡರು. ಬೆಂಗಳೂರಿನ ಶ್ರೀ ಜಯಚಾಮರಾಜೇಂದ್ರ ವಿದ್ಯಾಸಂಸ್ಥೆಯಲ್ಲಿ ಚಲಚ್ಚಿತ್ರ ಛಾಯಾಗ್ರಹಣದ ಶಿಕ್ಷಣವನ್ನು ಆಗ ತಾನೇ ತೆರೆದಿದ್ದರು. ಅಲ್ಲಿ ಅಭ್ಯಾಸವನ್ನು ಮುಗಿಸಿ 1946ರಲ್ಲಿ ಡಿಪ್ಲೊಮಾ ಪಡೆದು, ಮುಂಬಯಿಗೆ ತೆರಳಿ, ಫಲಿ ಮಿಸ್ತ್ರಿಯವರಂತಹ ನುರಿತ ಛಾಯಾಗ್ರಾಹಕರ ಕೈಕೆಳಗೆ ಸಹಾಯಕರಾಗಿ ದುಡಿದರು.

ಅವರ ಭಾಗ್ಯದ ಬಾಗಿಲು ತೆರೆದುದು 1951ರ ‘ಬಾಜಿ’ ಚಿತ್ರದಲ್ಲಿ. ಬೆಂಗಳೂರಿನಲ್ಲಿಯೇ ಹುಟ್ಟಿದ ಗುರುದತ್ತರಿಗೆ ನಿರ್ದೇಶಕರಾಗಿ ಅದು ಮೊದಲನೆಯ ಕೃತಿ. ವಿ. ರಾತ್ರಾ ಅವರು ಛಾಯಾಗ್ರಾಹಕರು. ಮೂರ್ತಿಯವರು ಅವರ ಸಹಾಯಕರು. ಒಂದು ಗೀತೆಯ ಚಿತ್ರೀಕರಣದಲ್ಲಿ, ಕನ್ನಡಿಯೊಳಗಿನ ಪ್ರತಿಬಿಂಬದಿಂದ ತೊಡಗಿ ಕ್ಯಾಮರಾವು ಅಖಂಡವಾಗಿ ಚಲಿಸುವ ಕ್ಲಿಷ್ಟವಾದ ದೃಶ್ಯವೊಂದನ್ನು ಸಹಾಯಕರೇ ಸೂಚಿಸಿದರು. ಹಿರಿಯರ ಒಪ್ಪಿಗೆಯಿಂದ ತಾವೇ ಕ್ಯಾಮರಾವನ್ನು ನಡೆಸಿ ಅದನ್ನು ಸಾಧಿಸಿಯೂ ತೋರಿಸಿದರು. ಇದನ್ನು ಕಂಡ ಗುರುದತ್ತರು ಮುಂದಿನ ‘ಜಾಲ್’ ಚಿತ್ರದ (1952) ಛಾಯಾಗ್ರಹಣವನ್ನು ಪೂರ್ಣವಾಗಿ ಮೂರ್ತಿಯವರಿಗೇ ಒಪ್ಪಿಸಿದರು.

‘ಛಾಯಾಗ್ರಾಹಕ’ ಎಂದರೆ ನೆರಳನ್ನು ಹಿಡಿಯುವವನು. ರಾಮಾಯಣದಲ್ಲಿ ಸಿಂಹಿಕೆಯು ಸಮುದ್ರವನ್ನು ದಾಟುತ್ತಿದ್ದ ಹನುಮಂತನ ನೆರಳನ್ನು ಹಿಡಿದುದು ಅವನನ್ನು ನುಂಗುವುದಕ್ಕಾಗಿ. ಮೂರ್ತಿಯವರು ನೆರಳನ್ನು ಹಿಡಿದುದು ಮನುಷ್ಯನ ಅಂತರಂಗವನ್ನು ಹೊರಗೆ ತರುವುದಕ್ಕಾಗಿ. ಎಲ್ಲೆಡೆಯೂ ದೀಪವನ್ನು ತುಂಬುವುದು ಸುಲಭ. ಎಲ್ಲಿ ಕತ್ತಲೆಯನ್ನು ಬಿಡಬೇಕೆಂಬುದನ್ನು ಅರಿಯುವುದು ಕಠಿನ. 1957ರ ‘ಪ್ಯಾಸಾ’ದಲ್ಲಿ, ಸತ್ತನೆಂದು ಲೋಕವು ನಂಬಿದ ಕವಿಯು ತನ್ನ ಸ್ಮರಣಸಭೆಗೇ ಬಂದು, ಬಾಗಿಲಲ್ಲಿ ಕೈಗಳನ್ನು ಚಾಚಿ ನಿಲ್ಲುವನು. ಬೆಳಕೆಲ್ಲ ಅವನ ಬೆನ್ನ ಹಿಂದೆ, ಮುಖವು ನೆರಳಿನಲ್ಲಿ. ಜನರು ಪೂಜಿಸುತ್ತಿದ್ದುದು ಹೆಸರನ್ನು, ಮನುಷ್ಯನನ್ನಲ್ಲ ಎಂಬ ಕಥೆಯ ಸಾರವನ್ನು ಆ ಒಂದು ನೆರಳೇ ಹೇಳಿಬಿಡುವುದು.

1959ರ ‘ಕಾಗಜ್ ಕೆ ಫೂಲ್’ ಭಾರತದ ಪ್ರಥಮ ಸಿನೆಮಾಸ್ಕೋಪ್ ಚಿತ್ರವು. ತೆರೆಯ ಅಗಲವು ಎತ್ತರದ ಎರಡು ಪಟ್ಟಿಗೂ ಮಿಗಿಲು. ಬರಿದಾದ ಸ್ಟುಡಿಯೋ ಒಂದರಲ್ಲಿ ನಿರ್ದೇಶಕನೂ ನಟಿಯೂ ಎದುರುಬದುರಾಗಿ ನಿಂತಿರುವರು. ಗೀತಾ ದತ್ತರ ಹಾಡು ಕೇಳಿಬರುವುದು. ಇಬ್ಬರ ಬಾಯಿಂದಲೂ ಮಾತು ಹೊರಡದು. ಅಲ್ಲಿ ಆಕಾಶದಿಂದಲೇ ಇಳಿದಂತಿರುವ ಬೆಳಕಿನ ಕೋಲೊಂದು ಬೇಕಾಯಿತು. ಸ್ಟುಡಿಯೋದ ದೀಪಗಳ ಕಿರಣಗಳು ದೂರ ಹೋದಂತೆ ಹರಡುವುವು. ಸೂರ್ಯನ ಕಿರಣಗಳಾದರೋ ಸಮಾಂತರವಾಗಿ ಬರುವುವು. ಆದುದರಿಂದ ಮೂರ್ತಿಯವರು ಸೂರ್ಯನನ್ನೇ ಒಳಗೆ ಕರೆದರು. ಹೊರಗಿನ ಬಿಸಿಲಿನಲ್ಲಿ ಒಂದು ದೊಡ್ಡ ಕನ್ನಡಿಯನ್ನಿರಿಸಿ, ಅದರ ಬೆಳಕನ್ನು ಒಳಗೆ ಮೇಲುಗಡೆಯಿದ್ದ ಇನ್ನೊಂದು ಕನ್ನಡಿಗೆ ಹಾಯಿಸಿ, ಅಲ್ಲಿಂದ ಕೆಳಕ್ಕೆ ತಿರುಗಿಸಿದರು. ಬೆಲೆಬಾಳುವ ಯಂತ್ರಗಳ ನಡುವೆ ಕಾರ್ಯವನ್ನು ಸಾಧಿಸಿದುದು ಎರಡು ಕನ್ನಡಿಗಳು. ಮಾಳಿಗೆಮನೆಯ ಬಿಸಿಲುಕೋಲೇ ಅಲ್ಲಿ ವಿರಹದ ಮೂರ್ತಿಯಾಗಿ ನಿಂತಿತು.

ಆದರೆ ಜನರು ಆ ಚಿತ್ರವನ್ನು ಒಲ್ಲೆನೆಂದರು. ಸೋಲಿನ ಪೆಟ್ಟಿನಿಂದ ಗುರುದತ್ತರು ಮುಂದೆ ಯಾವ ಚಿತ್ರಕ್ಕೂ ನಿರ್ದೇಶಕರೆಂದು ತಮ್ಮ ಹೆಸರನ್ನು ಹಾಕಿಕೊಳ್ಳಲಿಲ್ಲ. ಛಾಯಾಗ್ರಹಣಕ್ಕೆ ಮಾತ್ರ ಫಿಲ್ಮ್‌ಫೇರ್ ಪ್ರಶಸ್ತಿಯು ಸಂದಿತು. 1962ರ ‘ಸಾಹಿಬ್ ಬೀಬಿ ಔರ್ ಗುಲಾಮ್’ ಅವರಿಗೆ ಆ ಪ್ರಶಸ್ತಿಯನ್ನು ಮತ್ತೊಮ್ಮೆ ತಂದಿತು. ಅದರ ನೃತ್ಯವೊಂದರಲ್ಲಿ ನಾಯಕ ನರ್ತಕಿಯ ಮೇಲೆ ಮಾತ್ರ ಬೆಳಕು. ಸುತ್ತ ಕುಣಿಯುವ ಹೆಣ್ಣುಮಕ್ಕಳೆಲ್ಲರೂ ಮುಖವಿಲ್ಲದ ನೆರಳುಗಳು. 1964ರ ಅಕ್ಟೋಬರ್ 10ರಂದು ಗುರುದತ್ತರು ತೀರಿಕೊಂಡರು. ಒಬ್ಬನ ಕಲ್ಪನೆ, ಮತ್ತೊಬ್ಬನ ಕೈ ಎಂಬಂತಿದ್ದ ಜೋಡಿಯು ಅಲ್ಲಿಗೆ ಮುರಿಯಿತು.

ಮೂರ್ತಿಯವರ ದುಡಿಮೆಯು ನಿಲ್ಲಲಿಲ್ಲ. 1988ರಲ್ಲಿ ದೂರದರ್ಶನದ ‘ಭಾರತ್ ಏಕ್ ಖೋಜ್’ ಮಾಲಿಕೆಗೆ ಛಾಯಾಗ್ರಹಣವನ್ನು ಮಾಡಿದರು. ಅವರಲ್ಲಿ ಸಹಾಯಕರಾಗಿದ್ದ ಗೋವಿಂದ ನಿಹಲಾನಿಯವರು ತಾವೂ ಹೆಸರಾಂತರಾದರು. ತಾಯ್ನುಡಿಯ ಸೇವೆಗೆ ಮಾತ್ರ 1993ರ ‘ಹೂವು ಹಣ್ಣು’ ಚಿತ್ರದವರೆಗೆ ಕಾಯಬೇಕಾಯಿತು. ಆಗ ಅವರ ವಯಸ್ಸು ಎಪ್ಪತ್ತರ ಸಮೀಪ. ಬಳಿಕ ಬೆಂಗಳೂರಿಗೆ ಮರಳಿ ನೆಲೆಸಿದರು.

ಈ ವೃತ್ತಿಯ ಗತಿಯೇ ಅಂತಹುದು. ಕೆಲಸವು ಕೆಟ್ಟರೆ ಛಾಯಾಗ್ರಾಹಕನನ್ನು ಹಳಿಯುವರು. ಚೆನ್ನಾದರೆ ನಟಿಯ ರೂಪವನ್ನು ಹೊಗಳುವರು. 1969ರಿಂದ ನಡೆದುಬಂದ ದಾದಾಸಾಹೇಬ ಫಾಲ್ಕೆ ಪ್ರಶಸ್ತಿಯು ನಾಲ್ಕು ದಶಕಗಳ ಕಾಲ ಒಬ್ಬ ಛಾಯಾಗ್ರಾಹಕನಿಗೂ ಸಲ್ಲಲಿಲ್ಲ. 2008ರ ಸಾಲಿನ ಪ್ರಶಸ್ತಿಯನ್ನು 2010ರಲ್ಲಿ ಮೂರ್ತಿಯವರು ಸ್ವೀಕರಿಸಿದಾಗ ಆ ಕೊರತೆಯು ನೀಗಿತು. ಅವರಿಗಾಗ ಎಂಬತ್ತಾರು ವರ್ಷ. 2014ನೆಯ ಏಪ್ರಿಲ್ 7ರಂದು ಅವರು ಬೆಂಗಳೂರಿನಲ್ಲಿ ನಿಧನರಾದರು.

ಉಮಾ ರಾವ್ ಅವರು ಮೂರ್ತಿಯವರ ಜೀವನವನ್ನು ಕನ್ನಡದಲ್ಲಿ ಬರೆದು ಗ್ರಂಥಕ್ಕೆ ‘ಬಿಸಿಲು ಕೋಲು’ ಎಂದೇ ಹೆಸರಿಟ್ಟಿರುವರು. ಅಂದು ಜನರು ತಿರಸ್ಕರಿಸಿದ ಚಿತ್ರವನ್ನು ಇಂದು ಲೋಕವು ಹುಡುಕಿ ನೋಡುತ್ತಿರುವುದು. ಅದನ್ನು ಕಂಡವರ ನೆನಪಿನಲ್ಲಿ ಕಥೆಯು ಮಾಸಿದರೂ ಆ ಬೆಳಕು ಮಾಸದು. ಬೆಳಕಿಂಡಿಯ ಕೆಳಗೆ ಕುಳಿತು ಧೂಳಿನ ಕುಣಿತವನ್ನು ನೋಡುವ ಮಗುವನ್ನು ಹಿರಿಯರು ‘ಏನು ಸುಮ್ಮನೆ ಕುಳಿತೆ?’ ಎಂದು ಗದರಿಸುವ ಮೊದಲು ಈ ಮಹನೀಯರನ್ನು ಒಮ್ಮೆ ನೆನೆಯುವುದು ಒಳಿತು.