ನಿಪ್ಪಾಣಿಯ ಹೆಂಗಸರ ಮಾತು

ಪುಣೆಯಿಂದ ಬೆಂಗಳೂರಿಗೆ ಹೊರಟ ನಮಗೆ ಕರ್ನಾಟಕದ ನೆಲದಲ್ಲಿ ಮೊದಲು ಎದುರಾಗುವ ದೊಡ್ಡ ಊರು ನಿಪ್ಪಾಣಿ. ಆ ಹೆಸರು ಕಿವಿಗೆ ಬಿದ್ದೊಡನೆ ನಮ್ಮ ಮನಸ್ಸು ಗಡಿವಿವಾದದತ್ತ ಹೊರಳುತ್ತದೆ. ಊರು ಯಾರಿಗೆ ಸೇರಬೇಕೆಂಬ ವಾದವನ್ನು ಎರಡೂ ಕಡೆಯವರ ಬಾಯಲ್ಲಿ ನಾವು ಬೇಕಾದಷ್ಟು ಕೇಳಿದ್ದೇವೆ. ಅಲ್ಲಿನ ತಂಬಾಕು ಕಾರ್ಖಾನೆಗಳಲ್ಲಿ ದುಡಿದ ಹೆಂಗಸರ ಮಾತನ್ನು ಮಾತ್ರ ಕೇಳಿಸಿಕೊಂಡಿಲ್ಲ. ಆ ಮಾತನ್ನು ನಮಗಾಗಿ ಉಳಿಸಿಕೊಟ್ಟಿರುವುದು ಒಂದು ಪುಟ್ಟ ಸಾಕ್ಷ್ಯಚಿತ್ರ.

1980ರಲ್ಲಿ ದೀಪಾ ಧನರಾಜ್, ಆಭಾ ಭೈಯಾ, ಮೀರಾ ರಾವ್ ಮತ್ತು ಛಾಯಾಗ್ರಾಹಕ ನವರೋಜ್ ಕಾಂಟ್ರಾಕ್ಟರ್ ಬೆಂಗಳೂರಿನಲ್ಲಿ ‘ಯುಗಾಂತರ್’ ಎಂಬ ಚಲನಚಿತ್ರ ತಂಡವನ್ನು ಕಟ್ಟಿದರು. ಮುಂದಿನ ಮೂರು ವರ್ಷಗಳಲ್ಲಿ ಈ ತಂಡದಿಂದ ನಾಲ್ಕು ಚಿತ್ರಗಳು ಬಂದವು. ‘ಮೋಲ್ಕರೀಣ್’ (1981) ಪುಣೆಯ ಮನೆಗೆಲಸದ ಹೆಂಗಸರು ಸಂಘ ಕಟ್ಟಿಕೊಂಡ ಬಗೆಯನ್ನು ಹೇಳಿತು. ‘ಇದಿ ಕಥಾ ಮಾತ್ರಮೇನಾ’ (1983) ಹೈದರಾಬಾದಿನ ಸ್ತ್ರೀ ಶಕ್ತಿ ಸಂಘಟನೆಯ ಜೊತೆಗೂಡಿ, ಮನೆಯೊಳಗಿನ ಹಿಂಸೆಯನ್ನು ಕುರಿತು ಕಟ್ಟಿದ ಕಥನ. ‘ಸುದೇಶಾ’ (1983) ಹಿಮಾಲಯದ ಚಿಪ್ಕೋ ಚಳವಳಿಯ ಹೆಣ್ಣುಮಗಳೊಬ್ಬಳದು. ಉಳಿದದ್ದು ನಿಪ್ಪಾಣಿಯ ಚಿತ್ರ, ‘ತಂಬಾಕೂ ಚಾಕೀಲಾ ಊಬ್ ಆಲೀ’ (1982).

ನಿಪ್ಪಾಣಿಯಲ್ಲಿ ಸುಮಾರು 3000 ಹೆಂಗಸರು ಸಂಘಟಿತರಾಗಿದ್ದ ಕಾಲವದು. ತಂಡದವರು ಅವರೊಡನೆ ನಾಲ್ಕು ತಿಂಗಳು ಕಳೆದರು. ಏನನ್ನು ಚಿತ್ರಿಸಬೇಕು, ಹೇಗೆ ಚಿತ್ರಿಸಬೇಕು ಎಂಬುದನ್ನು ಆ ಹೆಂಗಸರನ್ನೇ ಕೇಳಿ ನಿರ್ಧರಿಸಿದರು. ಹೊರಗಿನವರಿಗೆ ಪ್ರವೇಶವಿಲ್ಲದ ಕಾರ್ಖಾನೆಯ ಒಳಗೂ ಕ್ಯಾಮೆರಾ ಹೋಯಿತು. ಆಗಿಹೋದ ಕೆಲವು ಪ್ರಸಂಗಗಳನ್ನು ಹೆಂಗಸರೇ ಮತ್ತೆ ನಟಿಸಿ ತೋರಿಸಿದರು.

ಈ ಕ್ರಮಕ್ಕೆ ಚರಿತ್ರೆಯ ದೃಷ್ಟಿಯಿಂದ ದೊಡ್ಡ ಬೆಲೆಯಿದೆ. ಮುಷ್ಕರವೊಂದು ಸರ್ಕಾರಿ ಕಡತ ಸೇರಿದರೆ ಅಲ್ಲಿ ಉಳಿಯುವುದು ಕೂಲಿಯ ದರ, ಒಪ್ಪಂದದ ತಾರೀಕು, ಸಹಿ ಹಾಕಿದವರ ಹೆಸರು. ಹೆದರಿದವಳಿಗೆ ಪಕ್ಕದವಳು ಹೇಳಿದ ಧೈರ್ಯದ ಮಾತಾಗಲಿ, ಕೆಲಸ ಬಿಟ್ಟರೆ ಒಲೆ ಹೊತ್ತುವುದು ಹೇಗೆಂಬ ಚಿಂತೆಯಾಗಲಿ ಕಡತದಲ್ಲಿ ಸಿಕ್ಕುವುದಿಲ್ಲ. ಅಕ್ಷರ ಕಲಿಯದವರ ಹೋರಾಟಕ್ಕೆ ಅವರ ದನಿ, ಮುಖಗಳೇ ದಾಖಲೆ.

ಆ ದಾಖಲೆಯೂ ಅಳಿದುಹೋಗಬಹುದಿತ್ತು, ಏಕೆಂದರೆ 16 ಎಂಎಂ ಫಿಲಂ ಕಾಲಕ್ರಮದಲ್ಲಿ ಹಾಳಾಗುವ ವಸ್ತು. ಬರ್ಲಿನ್ನಿನ ಆರ್ಸೆನಲ್ ಸಂಸ್ಥೆಯ ನೆರವಿನಿಂದ ಈ ಚಿತ್ರಗಳು ಡಿಜಿಟಲ್ ರೂಪದಲ್ಲಿ ಪುನರುಜ್ಜೀವನ ಪಡೆದಿವೆ.

ಈ ಚಿತ್ರಗಳ ಭಾಷೆ ನಮ್ಮನ್ನು ಯೋಚನೆಗೆ ಹಚ್ಚುತ್ತದೆ. ಬೆಂಗಳೂರಿನ ತಂಡ ಕರ್ನಾಟಕದ ಊರಿನಲ್ಲಿ ತೆಗೆದ ಚಿತ್ರದಲ್ಲಿ ಕೇಳುವುದು ಮರಾಠಿ. ಆ ಕಾರಣಕ್ಕೆ ಅದನ್ನು ನಮ್ಮದಲ್ಲವೆಂದು ಬದಿಗಿಟ್ಟರೆ ಕರ್ನಾಟಕದ ಮಹಿಳಾ ಹೋರಾಟದ ಚರಿತ್ರೆಯಿಂದ ಮೂರು ಸಾವಿರ ಹೆಂಗಸರನ್ನು ನಾವೇ ಹೊರಗಿಟ್ಟಂತೆ. ಹೊರನಾಡಿನಲ್ಲಿದ್ದು ಎರಡು ಭಾಷೆಗಳಲ್ಲಿ ಬದುಕುವ ನಮಗೆ ಆ ತಪ್ಪು ಒಪ್ಪುವಂಥದಲ್ಲ.

‘ಮೋಲ್ಕರೀಣ್’ ಇನ್ನೂ ಹತ್ತಿರದ ಪ್ರಶ್ನೆಯನ್ನು ಕೇಳುತ್ತದೆ. ಪುಣೆಯ ಕನ್ನಡಿಗರ ಮನೆಗಳಲ್ಲೂ ಪಾತ್ರೆ ತೊಳೆಯುವವರು ಅಂಥ ಹೆಂಗಸರೇ. ಆ ಚಿತ್ರದ ಮುಂದೆ ಕುಳಿತಾಗ ನಾವು ಪ್ರೇಕ್ಷಕರಷ್ಟೇ ಅಲ್ಲ, ಸಂಬಳ ಕೊಡುವವರೂ ಹೌದು. ನಮ್ಮ ಸಂಘದ ಸಭಾಂಗಣದಲ್ಲಿ ಈ ಎರಡು ಚಿತ್ರಗಳನ್ನು ತೋರಿಸುವ ದಿನ, ನಮ್ಮ ಮನೆಗೆಲಸಕ್ಕೆ ಬರುವವರನ್ನೂ ಕರೆದು ಮುಂದಿನ ಸಾಲಿನಲ್ಲಿ ಕೂರಿಸೋಣ.