ವೆಲ್ಸ್ ಮಹಾಶಯರ ಕಾಲಯಂತ್ರ



ರೈವತ ಮಹಾರಾಜನ ಕಥೆಯನ್ನು ನಮ್ಮಲ್ಲಿ ಅನೇಕರು ಬಾಲ್ಯದಲ್ಲಿಯೇ ಕೇಳಿರುತ್ತೇವೆ. ಮಗಳಾದ ರೇವತಿಗೆ ತಕ್ಕ ವರನು ಯಾರೆಂದು ವಿಚಾರಿಸುವುದಕ್ಕಾಗಿ ಆತನು ಬ್ರಹ್ಮಲೋಕಕ್ಕೆ ಹೋದನು. ಅಲ್ಲಿ ಗಂಧರ್ವರ ಗಾನ ಮುಗಿಯುವವರೆಗೆ ಸ್ವಲ್ಪ ಹೊತ್ತು ಕಾದನು. ಅಷ್ಟರೊಳಗೆ ಭೂಮಿಯಲ್ಲಿ 27 ಚತುರ್ಯುಗಗಳು ಸಂದುಹೋಗಿದ್ದುವೆಂದು ಭಾಗವತವು ಹೇಳುತ್ತದೆ. ಹೀಗಿರುವಲ್ಲಿ, ಕಾಲವನ್ನು ದಾಟಿದವರು ನಮಗೆ ಹೊಸಬರಲ್ಲ. ಆದರೆ ರೈವತನು ಇಚ್ಛಿಸಿ ದಾಟಿದವನಲ್ಲ. ಮರಳಿ ಬರುವ ದಾರಿಯೂ ಅವನಿಗಿರಲಿಲ್ಲ.

ಪಾಶ್ಚಾತ್ಯರ ಕಥೆಗಳಲ್ಲಿಯೂ ಬಹುಕಾಲ ಹೀಗೆಯೇ ಇದ್ದಿತು. 1819ರಲ್ಲಿ ಬಂದ ಅರ್ವಿಂಗರ ಕಥೆಯಲ್ಲಿ ರಿಪ್ ವಾನ್ ವಿಂಕಲನು ಬೆಟ್ಟದ ಮೇಲೆ ಮಲಗಿ 20 ವರ್ಷಗಳ ಮೇಲೆ ಎದ್ದನು. ಮಾರ್ಕ್ ಟ್ವೇನರ 1889ರ ಕಾದಂಬರಿಯಲ್ಲಿ ನಾಯಕನ ತಲೆಗೆ ಬಿದ್ದ ಒಂದು ಪೆಟ್ಟೇ ಅವನನ್ನು ಆರ್ಥರ್ ದೊರೆಯ ಕಾಲಕ್ಕೆ ಒಯ್ದಿತು. ಯಂತ್ರದ ಕಲ್ಪನೆಯು ಈ ನಡುವೆ ಅಲ್ಲಲ್ಲಿ ತಲೆದೋರಿತು. 1881ರಲ್ಲಿ ಅಮೆರಿಕದ ಮಿಚೆಲ್ ಎಂಬವರು ಹಿಮ್ಮುಖವಾಗಿ ನಡೆಯುವ ಗಡಿಯಾರವೊಂದರ ಕಥೆಯನ್ನು ಬರೆದರು. 1887ರಲ್ಲಿ ಸ್ಪೇನಿನ ಗಾಸ್ಪಾರರು ಭೂತಕಾಲಕ್ಕೆ ಹಾರುವ ಒಂದು ವಾಹನವನ್ನೇ ಕಲ್ಪಿಸಿದರು. ಆದರೂ ಲೋಕದ ನೆನಪಿನಲ್ಲಿ ನಿಂತದ್ದು 1895ರಲ್ಲಿ ಪುಸ್ತಕವಾಗಿ ಹೊರಬಂದ ಎಚ್. ಜಿ. ವೆಲ್ಸರ ಕಾಲಯಂತ್ರವೊಂದೇ. ಅದು ಏಕೆ ನಿಂತಿತೆಂಬುದನ್ನು ನಾವು ಈ ದಿನ ವಿಚಾರಮಾಡೋಣ.

ವೆಲ್ಸರು 1866ರಲ್ಲಿ ಬ್ರಾಮ್ಲಿ ಎಂಬ ಊರಿನಲ್ಲಿ ಒಬ್ಬ ಬಡ ಅಂಗಡಿಕಾರನ ಮಗನಾಗಿ ಹುಟ್ಟಿದರು. ಆ ಮನೆಯ ಅಡುಗೆಮನೆ ನೆಲದ ಕೆಳಗಿದ್ದಿತು. ಮುಂದೆ ಅವರ ತಾಯಿ ಸಸೆಕ್ಸ್ ಪ್ರಾಂತದ ಅಪ್‌ಪಾರ್ಕ್ ಎಂಬ ಶ್ರೀಮಂತರ ಸೌಧದಲ್ಲಿ ಪಾರುಪತ್ಯಕ್ಕೆ ಸೇರಿದರು. ಅಲ್ಲಿಯೂ ಸೇವಕವರ್ಗದ ವಾಸ ನೆಲಮಾಳಿಗೆಯಲ್ಲಿ; ಅವರು ಓಡಾಡುವುದಕ್ಕೆ ನೆಲದೊಳಗೆ ಸುರಂಗಗಳಿದ್ದುವು. ಬಾಲಕನನ್ನು ಜವಳಿ ಅಂಗಡಿಯಲ್ಲಿ ಕೆಲಸ ಕಲಿಯಲು ಬಿಟ್ಟರು. ಅದು ಅವನಿಗೆ ಸೆರೆಮನೆಯಂತೆ ತೋರಿತು. ಕೊನೆಗೆ ವಿದ್ಯಾರ್ಥಿವೇತನ ದೊರೆತು 1884ರಲ್ಲಿ ಲಂಡನ್ನಿಗೆ ಬಂದು, ಹಕ್ಸ್‌ಲಿ ಪಂಡಿತರಲ್ಲಿ ಜೀವಶಾಸ್ತ್ರವನ್ನು ಕಲಿತರು. 1888ರಲ್ಲಿ ಶಾಲೆಯ ಪತ್ರಿಕೆಯಲ್ಲಿ ಕಾಲಪ್ರಯಾಣದ ಕಥೆಯೊಂದನ್ನು ಮೊದಲಮಾಡಿ, ಅರ್ಧಕ್ಕೇ ಬಿಟ್ಟರು. ಏಳು ವರ್ಷ ಮತ್ತೆ ಮತ್ತೆ ತಿದ್ದಿದ ಮೇಲೆ ಗ್ರಂಥವು ಸಿದ್ಧವಾಯಿತು.

ಯಂತ್ರದ ವರ್ಣನೆ ಅದರಲ್ಲಿ ಬಹು ಮಿತವಾಗಿದೆ. ನಿಕ್ಕಲ್, ದಂತ, ಸ್ಫಟಿಕ, ಇವುಗಳಿಂದಾದ ಚೌಕಟ್ಟು. ಕುಳಿತುಕೊಳ್ಳಲು ಸೈಕಲ್ಲಿನದರಂತಹ ಒಂದು ಜೀನು. ದಿನಗಳನ್ನೂ ಸಾವಿರ, ದಶಲಕ್ಷ ದಿನಗಳನ್ನೂ ಎಣಿಸುವ ಮುಳ್ಳುಗಳು. ಎರಡು ಸನ್ನೆಗಳು: ಒಂದನ್ನು ಒತ್ತಿದರೆ ಭವಿಷ್ಯಕ್ಕೆ, ಇನ್ನೊಂದನ್ನು ಒತ್ತಿದರೆ ಭೂತಕ್ಕೆ. ವರಪ್ರಸಾದವಿಲ್ಲ, ನಿದ್ದೆಯಿಲ್ಲ, ತಲೆಗೆ ಪೆಟ್ಟಿಲ್ಲ. ಆ ವರ್ಷಗಳಲ್ಲಿ ಇಂಗ್ಲೆಂಡಿನ ಮಧ್ಯಮವರ್ಗದವರೆಲ್ಲ ಹೊಸದಾಗಿ ಸೈಕಲ್ ಹತ್ತಿದ್ದರೆಂಬುದನ್ನು ಇಲ್ಲಿ ನೆನೆಯಬೇಕು. ತನ್ನ ಕಾಲಬಲದಿಂದ ತಾನೇ ದಾರಿ ಸವೆಸುವ ಸಂತೋಷ ಆಗ ಹೊಸತು. ಯಂತ್ರವು ಸ್ಥಳದಲ್ಲಿ ಅಂಗುಲದಷ್ಟೂ ಚಲಿಸುವುದಿಲ್ಲ. ಅದನ್ನೇರಿದವನು ಮೊದಲು ಕಾಣುವುದೇನು? ಮನೆಯ ಕೆಲಸದ ಶ್ರೀಮತಿ ವಾಚೆಟ್ ಕೋಣೆಯನ್ನು ಬಾಣದಂತೆ ಹಾದುಹೋಗುವುದನ್ನು!

ಯಾತ್ರಿಕನು 8,02,701ನೆಯ ಇಸವಿಯಲ್ಲಿ ಇಳಿಯುತ್ತಾನೆ. ಥೇಮ್ಸ್ ನದಿಯ ಕಣಿವೆ ಉದ್ಯಾನವಾಗಿದೆ. ಅಲ್ಲಿ ಈಲಾಯ್ ಎಂಬ ಸುಕುಮಾರರಾದ ಕುಳ್ಳ ಜನರು ಹೂ ಕೊಯ್ಯುತ್ತ, ಹಣ್ಣು ತಿನ್ನುತ್ತ ಇದ್ದಾರೆ. ಮನುಷ್ಯಕುಲವು ಸಮತೆಯ ಸ್ವರ್ಗವನ್ನು ಮುಟ್ಟಿತೆಂದು ಅವನು ಮೊದಲು ಭ್ರಮಿಸುತ್ತಾನೆ. ಆಮೇಲೆ ಬಾವಿಗಳಂತಹ ರಂಧ್ರಗಳಿಂದ ಯಂತ್ರಗಳ ಸದ್ದು ಕೇಳಿಬರುತ್ತದೆ. ಕೆಳಗೆ ಕತ್ತಲೆಯಲ್ಲಿ ಮಾರ್ಲಾಕರಿದ್ದಾರೆ. ಅವರು ಹಿಂದಿನ ಕಾರ್ಮಿಕರ ಸಂತತಿಯೆಂದೂ, ಮೇಲಿನವರು ಹಿಂದಿನ ಸಿರಿವಂತರ ಸಂತತಿಯೆಂದೂ ಅವನು ಊಹಿಸುತ್ತಾನೆ. ಕೆಳಗಿನವರು ಮೇಲಿನವರಿಗೆ ಬಟ್ಟೆಯನ್ನೊದಗಿಸುತ್ತಾರೆ. ಅಮಾವಾಸ್ಯೆಯ ಇರುಳುಗಳಲ್ಲಿ ಅವರನ್ನು ಹಿಡಿದು ತಿನ್ನುತ್ತಾರೆ. ಅಪ್‌ಪಾರ್ಕಿನ ಸುರಂಗಗಳನ್ನು ಬಲ್ಲವರಿಗೆ ಈ ಚಿತ್ರವು ಎಲ್ಲಿಂದ ಬಂತೆಂದು ಹೇಳಬೇಕಾಗಿಲ್ಲ.

ಯಾತ್ರಿಕನು ಯಂತ್ರದ ಸನ್ನೆಗಳನ್ನು ಕಳಚಿ ಕಿಸೆಯಲ್ಲಿಟ್ಟುಕೊಂಡಿದ್ದನು. ಅವನಿಲ್ಲದಾಗ ಮಾರ್ಲಾಕರು ಯಂತ್ರವನ್ನು ಎಳೆದೊಯ್ದು, ಬಿಳಿಯ ಸ್ಫಿಂಕ್ಸ್ ವಿಗ್ರಹದ ಪೀಠದೊಳಗೆ ಬಚ್ಚಿಟ್ಟರು. ಅನೇಕ ದಿನಗಳ ಕಷ್ಟದ ಬಳಿಕ ಅದು ಮತ್ತೆ ಕಣ್ಣಿಗೆ ಬಿದ್ದಾಗ, ಯಾರೋ ಅದನ್ನು ಒರಸಿ, ಎಣ್ಣೆಹಾಕಿ ಇಟ್ಟಿದ್ದರು. ಅದರ ಮರ್ಮವನ್ನರಿಯಲು ಅವರು ಭಾಗಗಳನ್ನು ಬಿಚ್ಚಿಯೂ ನೋಡಿರಬೇಕೆಂದು ಅವನಿಗೆ ಸಂಶಯ.

ಈ ಸಣ್ಣ ಸಂಗತಿಯನ್ನು ವಾಚಕರು ಸಾಮಾನ್ಯವಾಗಿ ಗಮನಿಸದೆ ಮುಂದುವರಿಯುತ್ತಾರೆ. ನಮ್ಮ ಅಭಿಪ್ರಾಯದಲ್ಲಿ ಇಡೀ ಗ್ರಂಥದ ಜೀವಾಳ ಇದೇ. ಚೆಲುವರಾದ ಈಲಾಯರಲ್ಲಿ ಒಬ್ಬನಾದರೂ ಆ ಯಂತ್ರವೇನೆಂದು ಕೇಳಲಿಲ್ಲ. ಎಂಟು ಲಕ್ಷ ವರ್ಷಗಳಾಚೆ ಮನುಷ್ಯನ ಕುತೂಹಲವು, ಕೈಚಳಕವು ಎಲ್ಲಿಯಾದರೂ ಉಳಿದಿದ್ದರೆ ಅದು ಯಾತ್ರಿಕನು ಅಸಹ್ಯಪಟ್ಟು ಕಬ್ಬಿಣದ ಸಲಾಕೆಯಿಂದ ಬಡಿದ ಆ ಜನರಲ್ಲಿಯೇ. ಅವನ ಕನಿಕರವೆಲ್ಲ ಮೇಲಿನವರಿಗೆ ಸಂದಿತು. ನೆಲಮಾಳಿಗೆಯಿಂದ ಬಂದ ಗ್ರಂಥಕರ್ತರು ಮಾತ್ರ ಎಣ್ಣೆಯ ವಿಷಯವನ್ನು ಬರೆಯಲು ಮರೆಯಲಿಲ್ಲ.

ಅಲ್ಲಿಂದ ಯಾತ್ರಿಕನು 3 ಕೋಟಿ ವರ್ಷಗಳಷ್ಟು ಮುಂದೆ ಹೋಗಿ, ಆರುತ್ತಿರುವ ಸೂರ್ಯನನ್ನು ಕಾಣುತ್ತಾನೆ. ಸೂರ್ಯನ ಆಯುಸ್ಸು ಕೆಲವೇ ಕೋಟಿ ವರ್ಷಗಳೆಂದು ಕೆಲ್ವಿನ್ ಪಂಡಿತರು ಲೆಕ್ಕಹಾಕಿದ್ದ ಕಾಲವದು. ಅದಕ್ಕೆ ಇನ್ನೂ ಸುಮಾರು 500 ಕೋಟಿ ವರ್ಷಗಳಿವೆಯೆಂದು ಈಗ ತಿಳಿದಿದೆ.

ಮನೆಗೆ ಬಂದವನು ಮಾರನೆಯ ದಿನವೇ ಚೀಲವನ್ನೂ ಛಾಯಾಚಿತ್ರದ ಪೆಟ್ಟಿಗೆಯನ್ನೂ ಹಿಡಿದು ಮತ್ತೆ ಯಂತ್ರವನ್ನೇರುತ್ತಾನೆ. ಮಿತ್ರನು ಬಾಗಿಲು ತೆರೆಯುವಷ್ಟರಲ್ಲಿ ಕೋಣೆ ಬರಿದು. ಚಾವಣಿಯ ಗಾಜೊಂದು ಒಡೆದುಬಿದ್ದಿದೆ. ತೋಟದ ಕಡೆಯಿಂದ ಸೇವಕನೊಬ್ಬನು ಒಳಗೆ ಬರುತ್ತಾನೆ. ಧಣಿಗಳು ಆ ದಾರಿಯಾಗಿ ಹೋದರೇ ಎಂದು ಕೇಳಿದರೆ, ಯಾರೂ ಹೋಗಲಿಲ್ಲವೆನ್ನುತ್ತಾನೆ.